ಪರ್ವತಶ್ರೇಣಿಗಳಿಗೆ ಒಂದು ಖಾಲಿ ನಕಾಶೆ ಸಾಕು
ಧಾರವಾಡದ ಸಪ್ತಾಪುರದಲ್ಲಿ ರೂಮ್ ಮಾಡಿಕೊಂಡು ಪರೀಕ್ಷೆಗೆ ಓದುತ್ತಿರುವವರೇ, ಪರ್ವತಗಳ ಪಟ್ಟಿಯನ್ನು ಸುಮ್ನೆ ಬಾಯಿಪಾಠ ಮಾಡಬೇಡಿ. ಪ್ರಪಂಚದ ಖಾಲಿ ನಕಾಶೆ ತಗೊಳ್ಳಿ. ಮೊದಲು ಉತ್ತರ-ದಕ್ಷಿಣ ಹಬ್ಬಿದವನ್ನು ಪೆನ್ಸಿಲ್‌ನಲ್ಲಿ ಎಳೆಯಿರಿ: ರಾಕಿ, ಆಂಡೀಸ್, ಉರಲ್. ಆಂಡೀಸ್ ಸುಮಾರು 7,000 ಕಿ.ಮೀ. ಉದ್ದ. ದಕ್ಷಿಣ ಅಮೆರಿಕದ ಪಶ್ಚಿಮ ಅಂಚಿಗೇ ಅಂಟಿಕೊಂಡು ವೆನೆಜುವೆಲಾ, ಕೊಲಂಬಿಯಾ, ಈಕ್ವೆಡಾರ್, ಪೆರು, ಬೊಲಿವಿಯಾ, ಚಿಲಿ, ಅರ್ಜೆಂಟೀನಾ ಹೀಗೆ ಏಳು ದೇಶಗಳಲ್ಲಿ ಹರಡಿದೆ. ಪೆನ್ಸಿಲ್ ಎತ್ತದೆ ಒಂದೇ ಗೆರೆ ಎಳೆದು, ದೇಶಗಳ ಹೆಸರನ್ನು ಪಕ್ಕದಲ್ಲೇ ಬರೆಯಿರಿ.

ಆಮೇಲೆ ಪೂರ್ವ-ಪಶ್ಚಿಮದವು: ಆಲ್ಪ್ಸ್, ಹಿಮಾಲಯ, ಆಫ್ರಿಕಾದ ಉತ್ತರಕ್ಕೆ ಅಟ್ಲಾಸ್. ಕಾಕಸಸ್‌ನಲ್ಲಿ ಗೊಂದಲ ಜಾಸ್ತಿ, ಅಲ್ವಾ? ಕಪ್ಪು ಸಮುದ್ರ, ಕ್ಯಾಸ್ಪಿಯನ್ ಎರಡರ ನಡುವೆ ಓರೆಯಾಗಿ ಎಳೆದರೆ ಮುಗೀತು. ಉರಲ್‌ಗೆ ಮಾತ್ರ ಬೇರೆ ಬಣ್ಣ ಹಚ್ಚಿ, ಯುರೋಪ್-ಏಷ್ಯಾದ ಗಡಿ ಅದೇ.