ಲೈಸೆನ್ಸ್ ನನ್ನ ಲ್ಯಾಪ್‌ಟಾಪ್ ಒಳಗೇ ಇತ್ತು

ದಾವಣಗೆರೆಯಲ್ಲಿ ನನ್ನದೊಂದು ಚಿಕ್ಕ ಡಿಟಿಪಿ ಅಂಗಡಿ. ಒಂದು ಲ್ಯಾಪ್‌ಟಾಪ್, ಒಂದು ಅಸೆಂಬಲ್ ಮಾಡಿಸಿದ ಕಂಪ್ಯೂಟರ್. ಎರಡರಲ್ಲೂ ಕ್ರ್ಯಾಕ್ ವಿಂಡೋಸ್, ಅಂದರೆ ಲೈಸೆನ್ಸ್ ಕೊಳ್ಳದೆ ಹಾಕಿದ ಕಳ್ಳ ವಿಂಡೋಸ್ ಇತ್ತು. ರಿಪೇರಿಯವರು ಹಾಕಿಕೊಟ್ಟಿದ್ದರು, ನಾನು ಏನೂ ಕೇಳಿರಲಿಲ್ಲ. ಲೈಸೆನ್ಸ್ ಇದೆ ಅಂತ ವಿಂಡೋಸ್ ಅನ್ನು ನಂಬಿಸುವ ಆಕ್ಟಿವೇಟರ್ ಎಂಬ ಕ್ರ್ಯಾಕ್ ಟೂಲ್ ಓಡಿಸಲು ಆಂಟಿವೈರಸ್ ಆಫ್ ಮಾಡಿದ್ದರು. ಅದು ಹಾಗೇ ಉಳಿದಿತ್ತು.

ಒಂದು ದಿನ ಲಗ್ನಪತ್ರಿಕೆ ಮಾಡಿಸಿಕೊಂಡು ಹೋಗಿದ್ದ ಅಕ್ಕ ವಾಪಸ್ ಬಂದರು. ಅವರ ಪೆನ್‌ಡ್ರೈವ್‌ನಲ್ಲಿ ಫೋಲ್ಡರ್‌ಗಳೆಲ್ಲ ಶಾರ್ಟ್‌ಕಟ್ ಆಗಿದ್ದವು. ವೈರಸ್ ಹೋಗಿದ್ದು ನಮ್ಮ ಅಂಗಡಿಯಿಂದಲೇ. ಅಡಗಿದ್ದ ಫೋಟೋಗಳನ್ನು ತೆಗೆದುಕೊಟ್ಟೆ. ಆ ರಾತ್ರಿ ನಿದ್ದೆ ಬರಲಿಲ್ಲ.

ಬೆಳಿಗ್ಗೆ ರನ್ ಬಾಕ್ಸ್ ತೆರೆದು slmgr /xpr ಎಂದು ಟೈಪ್ ಮಾಡಿದೆ. ವಿಂಡೋಸ್ ಆಕ್ಟಿವೇಷನ್ ಎಲ್ಲಿಯವರೆಗೆ ಇದೆ ಅಂತ ತೋರಿಸುವ ಕಮಾಂಡ್ ಅದು. ಆಕ್ಟಿವೇಷನ್ ಇಂಥ ತಾರೀಖಿನವರೆಗೆ ಎಂದು ಬಂತು. ದುಡ್ಡು ಕೊಟ್ಟು ಕೊಂಡ ವಿಂಡೋಸ್ ಹೋಮ್ (ಮನೆ ಬಳಕೆಯ ಆವೃತ್ತಿ) ಲೈಸೆನ್ಸ್‌ಗೆ ತಾರೀಖೇ ಇರುವುದಿಲ್ಲ, ಪರ್ಮನೆಂಟ್ ಅಂತ ತೋರಿಸುತ್ತದೆ. ತಾರೀಖು ಬರುವುದು ಕೆಎಂಎಸ್‌ನಲ್ಲಿ. ಅದು ದೊಡ್ಡ ಸಂಸ್ಥೆಗಳು ತಮ್ಮದೇ ಸರ್ವರ್‌ನಿಂದ ಮಾಡಿಕೊಳ್ಳುವ, 180 ದಿನ ಬಾಳುವ ಆಕ್ಟಿವೇಷನ್. ಕ್ರ್ಯಾಕ್ ಟೂಲ್ ಅಂಥ ಸರ್ವರ್‌ನ ವೇಷ ಹಾಕಿ ಕೂತಿತ್ತು.

ಆಮೇಲೆ ಗೊತ್ತಾಗಿದ್ದು ಕೇಳಿ. ಲ್ಯಾಪ್‌ಟಾಪ್ ಕೊಂಡಾಗಲೇ ವಿಂಡೋಸ್ ಹೋಮ್ ಜೊತೆಗೆ ಬಂದಿತ್ತು. ವಿಂಡೋಸ್ 8ರ ಕಾಲದಿಂದ ಲೈಸೆನ್ಸ್‌ನ 25 ಅಕ್ಷರದ ಕೀಯನ್ನು ಮದರ್‌ಬೋರ್ಡ್‌ನ ಚಿಪ್‌ನಲ್ಲೇ ಬರೆದಿಡುತ್ತಾರೆ. ಫಾರ್ಮ್ಯಾಟ್ ಮಾಡಿದರೂ ಹೋಗುವುದಿಲ್ಲ. ಅದು ಒಳಗಿರುವಾಗಲೇ ಸುಮ್ನೆ ಮೇಲೊಂದು ಕ್ರ್ಯಾಕ್ ವಿಂಡೋಸ್ ಪ್ರೊ (ಹೋಮ್‌ಗಿಂತ ದುಬಾರಿ ಆವೃತ್ತಿ) ಹಾಕಿದ್ದರು! ಫೈಲ್‌ಗಳಲ್ಲಿ ವೈರಸ್ ಇದೆಯಾ ಅಂತ ಸ್ಕ್ಯಾನ್ ಮಾಡಿ ಬೇರೆ ಡಿಸ್ಕ್‌ಗೆ ಹಾಕಿದೆ. ಗೆಳೆಯನ ಕಂಪ್ಯೂಟರ್‌ನಲ್ಲಿ ಮೈಕ್ರೋಸಾಫ್ಟ್‌ನ ಮೀಡಿಯಾ ಕ್ರಿಯೇಷನ್ ಟೂಲ್ ಇಳಿಸಿಕೊಂಡು, ಅದರಿಂದ ವಿಂಡೋಸ್ ಇನ್‌ಸ್ಟಾಲ್ ಮಾಡುವ 8 ಜಿಬಿ ಪೆನ್‌ಡ್ರೈವ್ ತಯಾರು ಮಾಡಿದೆ. ಹಳೆ ಪಾರ್ಟಿಷನ್ ಅಳಿಸಿ ಹೊಸದಾಗಿ ಹೋಮ್ ಹಾಕಿದೆ. ಕೀ ಕೇಳಲೇ ಇಲ್ಲ. ನೆಟ್ ಸಿಕ್ಕ ಕೂಡಲೇ ಆಕ್ಟಿವೇಟ್ ಆಯಿತು. ಒಂದು ರೂಪಾಯಿ ಖರ್ಚಾಗಲಿಲ್ಲ.

ಎಂಎಸ್ ಆಫೀಸ್ ಜಾಗಕ್ಕೆ ಉಚಿತವಾಗಿ ಸಿಗುವ ಲಿಬ್ರೆಆಫೀಸ್ ಬಂತು. ಕನ್ನಡ ಟೈಪಿಂಗ್‌ಗೆ ಕನ್ನಡ ಗಣಕ ಪರಿಷತ್ತಿನ ನುಡಿ ಹೇಗೂ ಉಚಿತ, ಅಲ್ವಾ.

ಅಸೆಂಬಲ್ ಮಷಿನ್‌ಗೆ ಮಾತ್ರ ಲೈಸೆನ್ಸ್ ಕೊಳ್ಳಲೇಬೇಕಾಯಿತು. ನೂರಿನ್ನೂರಕ್ಕೆ ಸಿಗುವ ಕೀ ಬೇಡವೆಂದೆ. ಕಂಪನಿಗೆ ಕೊಟ್ಟ ಕೀಯನ್ನು ಬಿಡಿಯಾಗಿ ಮಾರಿದ್ದಾದರೆ ಯಾವಾಗ ಬೇಕಾದರೂ ಬ್ಲಾಕ್ ಆಗಬಹುದು. ಓಇಎಂ, ಅಂದರೆ ಕಂಪ್ಯೂಟರ್ ತಯಾರಕರಿಗೆಂದು ಇರುವ ಲೈಸೆನ್ಸ್, ಮೊದಲು ಹಾಕಿದ ಮಷಿನ್‌ಗೇ ಅಂಟಿಕೊಳ್ಳುತ್ತದೆ. ಗ್ರಾಹಕರಿಗೆ ನೇರವಾಗಿ ಮಾರುವ ರೀಟೇಲ್ ಲೈಸೆನ್ಸ್‌ಗೆ ದುಡ್ಡು ಜಾಸ್ತಿ, ಆದರೆ ಬೇರೆ ಮಷಿನ್‌ಗೆ ಒಯ್ಯಬಹುದು. ಜಿಎಸ್‌ಟಿ ಬಿಲ್ ಸಮೇತ ರೀಟೇಲ್ ತಗೊಂಡೆ, ಮೈಕ್ರೋಸಾಫ್ಟ್ ಅಕೌಂಟ್‌ಗೆ ಜೋಡಿಸಿದೆ.

ಕಳೆದ ಮಳೆಗಾಲದಲ್ಲಿ ಸಿಡಿಲಿಗೆ ಆ ಮಷಿನ್‌ನ ಮದರ್‌ಬೋರ್ಡ್ ಸುಟ್ಟಿತು. ಹೊಸದು ಹಾಕಿಸಿ, ಆಕ್ಟಿವೇಷನ್ ಟ್ರಬಲ್‌ಶೂಟರ್‌ನಲ್ಲಿ ಹಾರ್ಡ್‌ವೇರ್ ಬದಲಾಗಿದೆ ಎಂಬುದನ್ನು ಒತ್ತಿದೆ. ಅಕೌಂಟ್‌ಗೆ ಲಾಗಿನ್ ಆಗಿ ನನ್ನ ಮಷಿನ್ ಹೆಸರು ಆರಿಸಿದೆ. ಲೈಸೆನ್ಸ್ ವಾಪಸ್ ಬಂತು. ಮಧ್ಯಾಹ್ನದ ಹೊತ್ತಿಗೆ ಪ್ರಿಂಟ್ ಶುರುವಾಗಿತ್ತು.