ದುಬೈ ಧೋ ಕ್ರೂಸ್: ಟಿಕೆಟ್‌ಗಿಂತ ಕುರ್ಚಿ ಮುಖ್ಯ

ಮರದ ಹಳೇ ಮಾದರಿಯ ಹಡಗಿನಲ್ಲಿ ರಾತ್ರಿ ಊಟ ಮಾಡುತ್ತಾ ಎರಡು ಗಂಟೆ ನೀರಿನ ಮೇಲೆ ತೇಲಿ ಬರುವುದು ದುಬೈ ಪ್ರವಾಸದ ಸುಲಭದ ಕಾರ್ಯಕ್ರಮ ಅನ್ನಿಸುತ್ತದೆ. ಟಿಕೆಟ್ ಕೊಂಡರೆ ಆಯಿತಲ್ಲ! ಆದರೆ ಎಷ್ಟೋ ಜನ ತಪ್ಪು ದಡಕ್ಕೆ ಹೋಗಿ ಅಲೆದಾಡಿ, ಕೊನೆಗೆ ಹತ್ತಿ, ಕೆಳಡೆಕ್ಕಿನ ನಡುಮಧ್ಯ ಸಿಕ್ಕ ಕುರ್ಚಿಯಲ್ಲಿ ಕೂರುತ್ತಾರೆ. ಗಾಜಿನಲ್ಲಿ ಕಾಣುವುದು ಪಕ್ಕದ ಟೇಬಲ್ಲಿನ ಪ್ರತಿಬಿಂಬ. ಇನ್ನು ಕೆಲವರು ಒಳ್ಳೆಯ ನೋಟವೆಲ್ಲ ದಾಟಿಹೋಗುವಾಗ ಬಫೆ ಸಾಲಿನಲ್ಲಿ ತಟ್ಟೆ ಹಿಡಿದು ನಿಂತಿರುತ್ತಾರೆ. ಈ ಕ್ರೂಸ್ ಚೆನ್ನಾಗಿರುತ್ತದೋ ಇಲ್ಲವೋ ಎಂಬುದು ಹಡಗು ದಡ ಬಿಡುವ ಮೊದಲೇ ತೀರ್ಮಾನವಾಗಿರುತ್ತದೆ.

ಹಾಯಿ ಬಿಚ್ಚುತ್ತಾರೆ ಎಂಬ ನಿರೀಕ್ಷೆ ಬೇಡ. ಧೋ ಎಂದರೆ ಮೂತಿ ಮೇಲೆದ್ದ, ಹೊಟ್ಟೆ ಅಗಲವಾದ, ಮುಕ್ಕೋನದ ಹಾಯಿಯ ಅರಬ್ ವ್ಯಾಪಾರಿ ಹಡಗು. ಮಾನ್ಸೂನ್ ಗಾಳಿ ಹಿಡಿದು ಈ ಹಡಗುಗಳು ನಮ್ಮ ಪಶ್ಚಿಮ ಕರಾವಳಿಗೆ ಬರುತ್ತಿದ್ದವು. ಅವನ್ನು ಕಟ್ಟುವ ಸಾಗುವಾನಿ ಹೋಗುತ್ತಿದ್ದದ್ದೂ ಮಲಬಾರಿನಿಂದಲೇ. ಕೋಯಿಕ್ಕೋಡ್ ಪಕ್ಕದ ಬೇಪೂರಿನಲ್ಲಿ ಕಟ್ಟುವ ಉರು, ಮಂಗಳೂರು ಬಂದರಿನಿಂದ ಲಕ್ಷದ್ವೀಪಕ್ಕೆ ಸರಕು ಒಯ್ಯುವ ಮಂಜಿ, ಎಲ್ಲ ಇದರ ನೆಂಟರೇ. ಊಟದ ಧೋ ಮಾತ್ರ ಡೀಸೆಲ್ ಎಂಜಿನ್ನಿನಲ್ಲಿ ಹೋಗುತ್ತದೆ. ಹಾಯಿ ಇರಬೇಕಾದ ಜಾಗದಲ್ಲಿ ಎರಡನೇ ಡೆಕ್ಕು ಮತ್ತು ದೀಪದ ಸರ ಇರುತ್ತವೆ.

ಮೊದಲು ನೀರನ್ನು ಆರಿಸಿ

ಒಂದೇ ಹೆಸರಿನಲ್ಲಿ ಮೂರು ಬೇರೆ ಬೇರೆ ಜಾಗದ ಕ್ರೂಸ್ ಮಾರುತ್ತಾರೆ. ಕ್ರೀಕ್ ಎಂದರೆ ಸಮುದ್ರ ಊರೊಳಗೆ ನುಗ್ಗಿ ಆದ ಸಹಜ ಉಪ್ಪುನೀರಿನ ಕವಲು. ಒಂದು ದಡದಲ್ಲಿ ದೇರಾ, ಇನ್ನೊಂದರಲ್ಲಿ ಬರ್ ದುಬೈ. ಮರೀನಾ ಎಂದರೆ ಸುಮಾರು 3 ಕಿಲೋಮೀಟರ್ ಉದ್ದಕ್ಕೆ ಮನುಷ್ಯರು ತೋಡಿದ ಕಾಲುವೆ, ಎರಡೂ ಕಡೆ ಗಗನಚುಂಬಿಗಳು. 90 ಡಿಗ್ರಿ ತಿರುಚಿಕೊಂಡ ಕಯಾನ್ ಟವರ್ ಇರುವುದು ಇಲ್ಲೇ. ಕೆಲವು ಹಡಗುಗಳು ಕಾಲುವೆ ಬಿಟ್ಟು ಹೊರಗೆ ಹೋಗಿ 250 ಮೀಟರ್ ಎತ್ತರದ ಐನ್ ದುಬೈ ಚಕ್ರವನ್ನೂ ತೋರಿಸುತ್ತವೆ. ಮೂರನೆಯದು 2016ರಲ್ಲಿ ತೆರೆದ ವಾಟರ್ ಕೆನಾಲ್. ಅಲ್ಲಿ ಸೇತುವೆಯಿಂದ ಬೀಳುವ ಕೃತಕ ಜಲಪಾತ ದೋಣಿ ಹತ್ತಿರ ಬಂದಾಗ ನಿಲ್ಲುತ್ತದೆ. ಮಕ್ಕಳಿಗೆ ಅದೇ ದೊಡ್ಡ ಆಕರ್ಷಣೆ.

ಮೊದಲ ಸಲಕ್ಕೆ ಕ್ರೀಕ್. ಎತ್ತರದ ಕಟ್ಟಡಗಳನ್ನು ದುಬೈನಲ್ಲಿ ಹಗಲೆಲ್ಲ ನೋಡಿಯೇ ಇರುತ್ತೀರಿ. ಮರದ ಹಡಗಿಗೆ ಹೊಂದುವ ದಡ ಇರುವುದು ಇಲ್ಲಿ ಮಾತ್ರ. ಕ್ರೀಕ್‌ನ ಬಾಯಿಯಲ್ಲಿರುವ ಶಿಂದಘಾದಲ್ಲಿ ದುಬೈ ಆಳಿದ ಶೇಖ್ ಸಯೀದರ 1896ರ ಮನೆ, ಹಳೇ ಬಡಾವಣೆ ಅಲ್ ಫಹೀದಿಯಲ್ಲಿ ಮನೆಯೊಳಗೆ ಗಾಳಿ ಇಳಿಸುವ ಗಾಳಿಗೋಪುರಗಳು, ದೇರಾ ದಡದಲ್ಲಿ ಉಬ್ಬಿದ ಹಾಯಿಯ ಆಕಾರದ ಬ್ಯಾಂಕ್ ಕಟ್ಟಡ, ಅಲ್ಲಲ್ಲಿ ನಿಂತ ನಿಜವಾದ ಸರಕಿನ ಧೋಗಳು. ಸಾಮಾನ್ಯವಾಗಿ ಟಿಕೆಟ್ಟೂ ಮರೀನಾಕ್ಕಿಂತ ಅಗ್ಗ. ಇದನ್ನು ಒಮ್ಮೆ ನೋಡಿದವರು, ಅಥವಾ ಫೋಟೋಗಾಗಿಯೇ ಹೋಗುವವರು ಮರೀನಾ ಆರಿಸಲಿ.

ಊಟ ಬೇಡ, ನೀರಿನ ಮೇಲೆ ಹೋದರೆ ಸಾಕು ಅನ್ನುವವರಿಗೆ ಒಳದಾರಿಯೊಂದಿದೆ. ದೇರಾ ಮತ್ತು ಬರ್ ದುಬೈ ನಡುವೆ ಕ್ರೀಕ್ ದಾಟಿಸುವ ಅಬ್ರಾ ದೋಣಿಗೆ 1 ದಿರ್ಹಮ್ ಕೊಟ್ಟರಾಯಿತು. ಕತ್ತಲಾದ ಮೇಲೆ ಎರಡು ಸಲ ಅತ್ತಿತ್ತ ದಾಟಿ, ಬರ್ ದುಬೈನ ಮೀನಾ ಬಜಾರ್ ಕಡೆ ಯಾವುದಾದರೂ ಹೋಟೆಲಿನಲ್ಲಿ ಉಣ್ಣಬಹುದು. ಕಳಪೆ ಕ್ರೂಸ್‌ಗಿಂತ ಇದು ಎಷ್ಟೋ ಮೇಲು.

ಟಿಕೆಟ್ ಕೊಳ್ಳುವಾಗ

‘ಫೈವ್ ಸ್ಟಾರ್ ಧೋ’ ಎಂಬ ಜಾಹೀರಾತನ್ನು ಕಡೆಗಣಿಸಿ. ಆ ನಕ್ಷತ್ರ ಅಂಟಿಸಿದವರು ಮಾರುವವರೇ. ಹಣ ಕೊಡುವ ಮುಂಚೆ ಹಡಗಿನ ಹೆಸರು, ದಕ್ಕೆಯ ಲೊಕೇಶನ್ ಪಿನ್, ದಡದಲ್ಲಿ ನಿಂತಿರುವ ಸಿಬ್ಬಂದಿಯ ಫೋನ್ ನಂಬರ್ ಮತ್ತು ‘ಮೇಲ್ಡೆಕ್ಕು, ಅಂಚಿನ ಟೇಬಲ್’ ಎಂಬ ಮಾತು ಬರಹದಲ್ಲಿ ಬರಲಿ. ಬರೀ ‘ಅಪ್ಪರ್ ಡೆಕ್’ ಎಂದಿದ್ದರೆ ಸಾಲದು. ಆ ಡೆಕ್ಕಿನಲ್ಲೂ ನಡುಮಧ್ಯದ ಉದ್ದ ಟೇಬಲ್‌ಗಳಿವೆ. ಮಧ್ಯವರ್ತಿ ಹಡಗಿನ ಹೆಸರು ಹೇಳಲು ತಡವರಿಸಿದರೆ, ನಿಮ್ಮನ್ನು ಯಾವುದಕ್ಕೆ ಹತ್ತಿಸಬೇಕೆಂದು ಆತನಿಗೇ ಇನ್ನೂ ಗೊತ್ತಿಲ್ಲ ಎಂದರ್ಥ. ಬೆಲೆಯಲ್ಲಿ 5% ವ್ಯಾಟ್ ಸೇರಿದೆಯೇ ಎಂದೂ ಕೇಳಿಕೊಳ್ಳಿ.

ಹೋಟೆಲ್ಲಿನಿಂದ ಕರೆದೊಯ್ಯುವ ಶೇರಿಂಗ್ ವ್ಯಾನ್ ಬೇಡ. ಅದು ಹತ್ತಾರು ಹೋಟೆಲ್ ಸುತ್ತಿ, ಎಲ್ಲರನ್ನೂ ತುಂಬಿಕೊಂಡು, ಬೋರ್ಡಿಂಗ್ ಶುರುವಾದ ಮೇಲೆ ತಲುಪುತ್ತದೆ. ಒಳ್ಳೆಯ ಕುರ್ಚಿ ಹೋಗುವುದು ಅಷ್ಟರೊಳಗೇ.

ದಿನ ಆರಿಸುವುದು ಕಷ್ಟವಲ್ಲ. ನವೆಂಬರ್‌ನಿಂದ ಮಾರ್ಚ್‌ವರೆಗೆ ಮೇಲ್ಡೆಕ್ಕು. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ರಾತ್ರಿಯೂ ಬೆವರು ಕಿತ್ತುಬರುವಷ್ಟು ತೇವ, ಆಗ ಕೆಳಗಿನ ಏಸಿಯೇ ಗತಿ. ಶುಕ್ರವಾರ, ಶನಿವಾರದ ರಾತ್ರಿ ಗದ್ದಲ ಹೆಚ್ಚು. ರಂಜಾನ್ ತಿಂಗಳಲ್ಲಿ ಸಮಯ, ಸಂಗೀತ ಎರಡೂ ಬದಲಾಗಬಹುದು. ಸೂರ್ಯಾಸ್ತ ನೋಡುವ ಆಸೆಯಿದ್ದರೆ ಎಂಟೂವರೆಯ ಕ್ರೂಸ್‌ನಲ್ಲಿ ಅದು ಸಿಗುವುದಿಲ್ಲ. ಡಿಸೆಂಬರ್‌ನಲ್ಲಿ ಸುಮಾರು ಐದೂವರೆಗೆ, ಜೂನ್‌ನಲ್ಲಿ ಏಳು ದಾಟಿದ ಮೇಲೆ ಸೂರ್ಯ ಮುಳುಗುತ್ತಾನೆ. ಅದಕ್ಕೆ ಬೇರೆಯೇ ಸಂಜೆಯ ಟ್ರಿಪ್ ಕೇಳಬೇಕು.

ದಕ್ಕೆ ಹುಡುಕುವುದು: ಹೆಚ್ಚಿನವರು ಎಡವುವುದು ಇಲ್ಲೇ

ವೋಚರ್‌ನಲ್ಲಿ ‘ದುಬೈ ಕ್ರೀಕ್’ ಎಂದಷ್ಟೇ ಇದ್ದರೆ ಅದು ವಿಳಾಸವಲ್ಲ. ದೇರಾ ಬದಿಯಲ್ಲಿ ಬನಿಯಾಸ್ ರಸ್ತೆಯ ಉದ್ದಕ್ಕೂ ಹಡಗುಗಳು ಸಾಲಾಗಿ ನಿಂತಿರುತ್ತವೆ. ಎಲ್ಲಕ್ಕೂ ಒಂದೇ ಥರದ ದೀಪದ ಸರ, ಒಂದೇ ಥರದ ಕೆಂಪು ಹಾಸು. ಎದುರು ದಡದ ಅಲ್ ಸೀಫ್‌ನಲ್ಲೂ ಹತ್ತಿಸಿಕೊಳ್ಳುವವರಿದ್ದಾರೆ. ದಡ ತಪ್ಪಿತೆಂದರೆ, ಹಡಗು ಕಣ್ಣೆದುರೇ ಕಾಣುತ್ತಿದ್ದರೂ ಟ್ಯಾಕ್ಸಿ ಊರು ಸುತ್ತಿ ಬರಬೇಕು. ಸಂಜೆಯ ಟ್ರಾಫಿಕ್‌ನಲ್ಲಿ ಅದಕ್ಕೆ ಎಷ್ಟು ಹೊತ್ತು ಹಿಡಿಯುತ್ತದೆಂದು ಚಾಲಕನೂ ಹೇಳಲಾರ. ಹಾಗಾದಾಗ ಟ್ಯಾಕ್ಸಿ ಬಿಟ್ಟು ಹತ್ತಿರದ ಅಬ್ರಾ ನಿಲ್ದಾಣಕ್ಕೆ ನಡೆಯಿರಿ. ಚಿಲ್ಲರೆ ಕೈಯಲ್ಲಿರಲಿ, ಕೆಲವೇ ನಿಮಿಷದಲ್ಲಿ ಆಚೆ ದಡ.

ದೇರಾ ದಕ್ಕೆಗೆ ಮೆಟ್ರೊದ ಹಸಿರು ಮಾರ್ಗದಲ್ಲಿ ಯೂನಿಯನ್ ಅಥವಾ ಬನಿಯಾಸ್ ಸ್ಕ್ವೇರ್‌ನಲ್ಲಿ ಇಳಿದು ನೀರಿನ ಕಡೆ ನಡೆಯಿರಿ. ಅಲ್ ಸೀಫ್‌ಗೆ ಬುರ್ಜುಮಾನ್ ನಿಲ್ದಾಣ. ಹೊರಡುವ ಸಮಯ ಎಂಟೂವರೆ ಎಂದಿದ್ದರೆ ಏಳೂ ಮುಕ್ಕಾಲಿಗೆ ದಡದಲ್ಲಿರಿ. ಬೋರ್ಡಿಂಗ್ ಸಾಮಾನ್ಯವಾಗಿ ಅರ್ಧ ಗಂಟೆ ಮೊದಲು ತೆರೆಯುತ್ತದೆ, ಮೊದಲ ಹತ್ತು ನಿಮಿಷಕ್ಕೆ ಅಂಚಿನ ಕುರ್ಚಿಗಳು ಮುಗಿಯುತ್ತವೆ.

ಹಡಗುಗಳನ್ನು ಒಂದರ ಪಕ್ಕ ಒಂದು ಕಟ್ಟಿರುವುದರಿಂದ ನಿಮ್ಮ ಹಡಗು ಎರಡನೇ ಸಾಲಿನಲ್ಲಿರಬಹುದು. ಆಗ ಮೊದಲನೆಯದರ ಡೆಕ್ಕು ದಾಟಿಯೇ ಹೋಗಬೇಕು. ಅಲ್ಲಿ ಸ್ವಾಗತಿಸಿ ಖರ್ಜೂರ, ಕಾಫಿ ಕೊಟ್ಟರೆಂದು ಕೂತುಬಿಡಬೇಡಿ. ಹೆಸರು ಓದಿ, ವೋಚರ್ ತೋರಿಸಿ, ನಂತರ ಕೂರಿ. ಹತ್ತುವ ಹಲಗೆಯ ಇಳಿಜಾರು ಭರತ-ಇಳಿತಕ್ಕೆ ತಕ್ಕಂತೆ ಬದಲಾಗುತ್ತದೆ. ಮೊನಚು ಹಿಮ್ಮಡಿಯ ಚಪ್ಪಲಿ ಹಲಗೆಯ ಸಂದಿಗೆ ಸಿಕ್ಕಿಕೊಳ್ಳುತ್ತದೆ, ಚಪ್ಪಟೆ ಅಡಿಯದ್ದೇ ಇರಲಿ. ಮೇಲ್ಡೆಕ್ಕಿನ ಮೆಟ್ಟಿಲು ಕಡಿದಾಗಿದ್ದು, ಶೌಚಾಲಯ ಕೆಳಗಿರುತ್ತದೆ. ಮಂಡಿನೋವಿನ ಹಿರಿಯರಿದ್ದರೆ ಹಟ ಮಾಡದೆ ಕೆಳಗಿನ ಕಿಟಕಿ ಪಕ್ಕದ ಟೇಬಲ್ ಕೇಳುವುದು ಲೇಸು.

ಎಲ್ಲಿ ಕೂರಬೇಕು

ಎಡವೋ ಬಲವೋ ಎಂದು ತಲೆಕೆಡಿಸಿಕೊಳ್ಳಬೇಡಿ. ಕ್ರೀಕ್‌ನಲ್ಲಿ ಹಡಗು ಶಿಂದಘಾ ಕಡೆ ಹೋಗಿ, ತಿರುಗಿ, ಅದೇ ದಾರಿಯಲ್ಲಿ ಬರುತ್ತದೆ. ಎರಡೂ ದಡ ಎರಡೂ ಬದಿಯವರಿಗೆ ಸಿಗುತ್ತದೆ. ಲೆಕ್ಕಕ್ಕೆ ಬರುವುದು ಬೇರೆ ಮೂರು ಸಂಗತಿ.

ಕೈಗಂಬಿಗೆ ತಾಗಿದ ಕುರ್ಚಿಯೇ ಆಗಬೇಕು. ಒಂದು ಕುರ್ಚಿ ಒಳಗೆ ಸರಿದರೂ ಮುಂದಿನವರ ತಲೆ, ಅವರು ಎತ್ತಿ ಹಿಡಿದ ಫೋನು ನಿಮ್ಮ ನೋಟದೊಳಗೆ ಬರುತ್ತವೆ. ನಾಲ್ವರಿದ್ದರೆ ಕಂಬಿಗೆ ಅಡ್ಡಲಾಗಿ ಹಾಕಿದ ಟೇಬಲ್ ಕೇಳಿ. ಎದುರುಬದುರು ಕೂತಾಗ ಕಂಬಿಯ ಪಕ್ಕ ಇಬ್ಬರಿಗೆ ಸಿಗುತ್ತದೆ, ನಡುದಾರಿಯಲ್ಲಿ ಅದಲುಬದಲಾಗಬಹುದು.

ಹಿಂಭಾಗ ಬಿಡಿ. ಎಂಜಿನ್ನಿನ ನಡುಕ, ಡೀಸೆಲ್ ಹೊಗೆ ಅಲ್ಲೇ. ಹಡಗು ತಿರುಗುವಾಗ ಗಾಳಿ ಬೆನ್ನಿಗೆ ಬಂದರೆ ಹೊಗೆ ಟೇಬಲ್ಲಿನ ಮೇಲೇ ಹಾಯುತ್ತದೆ. ತೀರಾ ಮೂತಿಯಲ್ಲಿ ಕೂತರೆ ಜನವರಿಯ ಗಾಳಿಗೆ ಟಿಶ್ಯೂ ಹಾರಿ, ಅನ್ನ ಎರಡೇ ನಿಮಿಷಕ್ಕೆ ತಣ್ಣಗಾಗುತ್ತದೆ. ಮುಂದಿನಿಂದ ಮೂರನೇ ಒಂದು ಭಾಗದಷ್ಟು ಹಿಂದೆ ಹೇಳಿ ಮಾಡಿಸಿದ ಜಾಗ. ಚಳಿಗಾಲದಲ್ಲಿ ಒಂದು ಶಾಲು ಜೊತೆಗಿರಲಿ.

ಮೂರನೆಯದು ಸ್ಪೀಕರ್. ನಡುವಿನ ಖಾಲಿ ಜಾಗದಲ್ಲಿ ತನೂರಾ ನೃತ್ಯ ನಡೆಯುತ್ತದೆ: ದೀಪ ಹೊಲಿದ ದೊಡ್ಡ ಲಂಗ ತೊಟ್ಟ ಕಲಾವಿದ ನಿಂತಲ್ಲೇ ಗಿರಗಿರ ತಿರುಗುವ, ಈಜಿಪ್ಟ್ ಮೂಲದ ಕುಣಿತ. ನೋಡಲು ಸೊಗಸು. ಆದರೆ ಕಪ್ಪು ಪೆಟ್ಟಿಗೆಗಳು ಅದರ ಸುತ್ತಲೇ ಇರುತ್ತವೆ. ಹತ್ತಿದ ಕೂಡಲೇ ಅವು ಎಲ್ಲಿವೆ ನೋಡಿ, ಕನಿಷ್ಠ ಎರಡು ಟೇಬಲ್ ದೂರ ಸರಿಯಿರಿ.

ಕೆಳಡೆಕ್ಕಿನಲ್ಲೇ ಕೂರುವುದಾದರೆ ಗಾಜಿನ ಸಮಸ್ಯೆ. ಒಳಗೆ ದೀಪ, ಹೊರಗೆ ಕತ್ತಲು, ಗಾಜು ಕನ್ನಡಿಯಾಗುತ್ತದೆ. ಹಣೆ ಗಾಜಿಗೆ ತಾಗಿಸಿ, ಅಂಗೈಯಿಂದ ಎರಡೂ ಬದಿ ಮರೆ ಮಾಡಿದರಷ್ಟೇ ದಡ ಕಾಣುವುದು. ಆದ್ದರಿಂದ ಕೆಳಗಿನ ಟಿಕೆಟ್ ಇದ್ದವರು ಮಧ್ಯೆ ಮೇಲೆ ಹೋಗಿ ನಿಲ್ಲಬಹುದೇ ಎಂದು ಮೊದಲೇ ಕೇಳಿಕೊಳ್ಳಿ. ಬಹುಮಟ್ಟಿಗೆ ಬಿಡುತ್ತಾರೆ.

ಕೊಟ್ಟ ಕುರ್ಚಿ ಸರಿಯಿಲ್ಲದಿದ್ದರೆ ಹಗ್ಗ ಬಿಚ್ಚುವ ಮೊದಲೇ, ನಿಂತುಕೊಂಡೇ ಹೇಳಿ. ಕೂತು ಜ್ಯೂಸ್ ಕುಡಿದ ಮೇಲೆ ಯಾರೂ ಬದಲಿಸಿಕೊಡುವುದಿಲ್ಲ.

ಊಟ: ಸಾಲಿಗೆ ಓಡಬೇಡಿ

ಬಫೆ ತೆರೆದ ಕ್ಷಣ ಎಲ್ಲರೂ ಏಳುತ್ತಾರೆ, ಹಡಗು ಹಳೇ ದುಬೈಯ ಮುಂದೆ ಹೋಗುವುದೂ ಹೆಚ್ಚೂಕಡಿಮೆ ಅದೇ ಹೊತ್ತಿಗೆ. ಹೋದ ತಕ್ಷಣ ಹಮ್ಮುಸ್, ರೊಟ್ಟಿ, ಸಲಾಡ್ ಇಷ್ಟನ್ನೇ ಒಂದು ತಟ್ಟೆಗೆ ಹಾಕಿಕೊಂಡು ಕುರ್ಚಿಗೆ ಮರಳಿ. ಹಡಗು ತಿರುವು ಪಡೆದ ಮೇಲೆ ಸಾಲು ಕರಗಿರುತ್ತದೆ, ಬಿಸಿ ಅಡುಗೆಗೆ ಆಗ ಹೋಗಿ. ಕೊನೆಯ ಅರ್ಧ ಗಂಟೆಗೆ ಉಳಿಸಿಕೊಳ್ಳಬೇಡಿ, ದಡ ಸೇರುವ ಮೊದಲೇ ಪಾತ್ರೆ ಎತ್ತುತ್ತಾರೆ.

ರುಚಿಯ ಬಗ್ಗೆ ದೊಡ್ಡ ಆಸೆ ಬೇಡ. ಎಷ್ಟೋ ಹಡಗುಗಳಲ್ಲಿ ಅಡುಗೆ ದಡದಲ್ಲೇ ಆಗಿ ಬಂದಿರುತ್ತದೆ, ಮೇಲೆ ಬಿಸಿ ಮಾಡಿ ಇಡುವುದಷ್ಟೇ. ಬಿರಿಯಾನಿಗಿಂತ ಕೆಂಡದಲ್ಲಿ ಸುಟ್ಟ ಶಿಶ್ ತಾವೂಕ್ ಕೋಳಿ, ಹಮ್ಮುಸ್, ಸಲಾಡ್‌ನಂಥ ತಣ್ಣನೆಯ ಮೆಜ್ಜೆಗಳು (ಊಟದ ಮೊದಲಿನ ಸಣ್ಣ ತಿನಿಸುಗಳು) ವಾಸಿ.

ಸಸ್ಯಾಹಾರಿಗಳು ಹೆಸರು ನೋಡಿ ಮೋಸ ಹೋಗಬಾರದು. ಹಮ್ಮುಸ್ (ಕಡಲೆ, ಎಳ್ಳು), ಮುತಬ್ಬಲ್ (ಸುಟ್ಟ ಬದನೆ), ತಬ್ಬೂಲೆ, ಫತ್ತೂಷ್ (ಎರಡೂ ಸೊಪ್ಪು-ತರಕಾರಿ ಸಲಾಡ್) ಧಾರಾಳವಾಗಿ ತಿನ್ನಬಹುದು. ಗೋಧಿ ಗಂಜಿಯಂತೆ ಸಾಧುವಾಗಿ ಕಾಣುವ ಹರೀಸ್‌ನಲ್ಲಿ ಮಾಂಸ ಅರೆದು ಕೂಡಿಸಿರುತ್ತಾರೆ. ಬೇಳೆ ಸೂಪ್‌ಗೆ ಕೋಳಿ ರಸ ಬಳಸಿರಬಹುದು. ದ್ರಾಕ್ಷಿ ಎಲೆಯ ಸುರುಳಿ ತಣ್ಣಗಿದ್ದರೆ ಒಳಗೆ ಸಾಮಾನ್ಯವಾಗಿ ಅನ್ನ. ಬಿಸಿಯಿದ್ದರೆ ಕೀಮಾ ಇರುವ ಸಂಭವ ಹೆಚ್ಚು, ಕೇಳಿ ತಿನ್ನಿ. ಈರುಳ್ಳಿ-ಬೆಳ್ಳುಳ್ಳಿ ಇಲ್ಲದ ಊಟ ಬೇಕಾದವರು ಟಿಕೆಟ್ ಕೊಳ್ಳುವಾಗಲೇ ‘ಜೈನ್ ಊಟ’ ಎಂದು ಬರೆಸಬೇಕು. ಹಡಗಿನಲ್ಲಿ ಹೇಳಿದರೆ ಸಿಗುವುದು ಹಣ್ಣಿನ ಹೋಳು. ಸಿಹಿಗೆ ಉಮ್ಮ್ ಅಲಿ (ಹಾಲಿನಲ್ಲಿ ನೆನೆಸಿ ಬೇಯಿಸಿದ ರೊಟ್ಟಿಯ ಪುಡಿಂಗ್) ಇದ್ದರೆ ಬಿಡಬೇಡಿ.

ಮದ್ಯ ಎಲ್ಲ ಹಡಗಿನಲ್ಲೂ ಇಲ್ಲ, ಪರವಾನಗಿ ಇರುವಲ್ಲಿ ಮಾತ್ರ. ದುಬೈನಲ್ಲಿ 21 ತುಂಬಿದವರಿಗಷ್ಟೇ. ಬ್ಯಾಗಿನಲ್ಲಿಟ್ಟು ತರುವ ಜಾಣತನ ಬೇಡ.

ಫೋಟೋ

ಫ್ಲ್ಯಾಶ್ ಆಫ್ ಮಾಡಿ. ನೈಟ್ ಮೋಡ್ ಕೆಲವು ಸೆಕೆಂಡು ಬೆಳಕು ಹೀರಿಕೊಳ್ಳುತ್ತದೆ, ಹಡಗು ಚಲಿಸುತ್ತಿದ್ದರೆ ದೀಪಗಳು ಗೆರೆಗಳಾಗುತ್ತವೆ. ಹಡಗು ನಿಧಾನವಾಗಿ ತಿರುಗುವ ಹೊತ್ತಿಗೆ ಕಾದು ಬಳಸಿ. ಫೋನನ್ನು ಕಂಬಿಯ ಮೇಲೆ ಊರಬೇಡಿ, ಎಂಜಿನ್ನಿನ ಕಂಪನ ನೇರ ಫೋನಿಗೆ ಬರುತ್ತದೆ. ಮೊಣಕೈ ಪಕ್ಕೆಗೆ ಒತ್ತಿ ಹಿಡಿದರೆ ಸಾಕು. ಬೇಸಿಗೆಯಲ್ಲಿ ಏಸಿಯಿಂದ ಹೊರಬಂದ ಕೂಡಲೇ ಲೆನ್ಸಿಗೂ ಕನ್ನಡಕಕ್ಕೂ ಮಂಜು ಹಿಡಿಯುತ್ತದೆ, ಐದು ನಿಮಿಷ ಬಿಟ್ಟು ಒರೆಸಿ. ಪಕ್ಕದ ಟೇಬಲ್ಲಿನವರನ್ನು ಕೇಳದೆ ತೆಗೆಯಬೇಡಿ. ಅಲ್ಲಿ ಅದು ಕಾನೂನಿನ ಪ್ರಕಾರ ಅಪರಾಧ. ಹತ್ತುವಾಗ ನಿಮ್ಮ ಚಿತ್ರ ತೆಗೆದು ಇಳಿಯುವಾಗ ಚೌಕಟ್ಟು ಹಾಕಿ ಮಾರಲು ಬರುವವರಿಗೆ ಬೇಡವೆಂದರೆ ಮುಗಿಯಿತು, ಕೊಳ್ಳಲೇಬೇಕೆಂಬ ನಿಯಮವಿಲ್ಲ.

ಇಳಿಯುವಾಗ ನಾಲ್ಕೈದು ಹಡಗುಗಳ ಜನ ಒಟ್ಟಿಗೇ ರಸ್ತೆಗೆ ಬರುವುದರಿಂದ ಎದುರಿಗೇ ಟ್ಯಾಕ್ಸಿ ಸಿಗುವುದು ಕಷ್ಟ. ಒಂದು ಅಡ್ಡರಸ್ತೆ ಒಳಗೆ ನಡೆದು ಹಿಡಿಯಿರಿ, ಇಲ್ಲವೇ ಮೆಟ್ರೊ, ನಡುರಾತ್ರಿಯವರೆಗೂ ಓಡುತ್ತದೆ. ಹಡಗಿನಲ್ಲಿ ಕೊಟ್ಟ ನೀರಿನ ಬಾಟಲಿ ಮಾತ್ರ ಬ್ಯಾಗಿನಲ್ಲೇ ಇರಲಿ. ಮೆಟ್ರೊದಲ್ಲಿ ನೀರು ಕುಡಿದರೂ 100 ದಿರ್ಹಮ್ ದಂಡ.