ಸೋರುವ ಸುರಂಗದಲ್ಲಿ ವಿದ್ಯುತ್ ತಂತಿ: ನನ್ನ ಅನುಭವ

ಕಾರವಾರ ಭಾಗದ ಕೊಂಕಣ ರೈಲು ಸುರಂಗಗಳಲ್ಲಿ ವಿದ್ಯುತ್ ತಂತಿ ಎಳೆದ ತಂಡದಲ್ಲಿ ನಾನು ತಂತ್ರಜ್ಞನಾಗಿದ್ದೆ. ಮಹಾರಾಷ್ಟ್ರದ ರೋಹಾದಿಂದ ಮಂಗಳೂರು ಬಳಿಯ ತೋಕೂರಿನವರೆಗಿನ 741 ಕಿ.ಮೀ. ಮಾರ್ಗದ ವಿದ್ಯುದೀಕರಣ 2022ರಲ್ಲಿ ಮುಗಿಯಿತು. ಬಯಲಿನಲ್ಲಿ ಕಂಬ ನೆಟ್ಟು ತಂತಿ ಎಳೆಯುವ ಕೆಲಸ ಎಲ್ಲ ಕಡೆಯೂ ಒಂದೇ. ನಮ್ಮನ್ನು ಕಾಡಿದ್ದು ಸುರಂಗದೊಳಗಿನ ನೀರು.

ಅಲ್ಲಿ ಕಂಬಕ್ಕೆ ಜಾಗವಿಲ್ಲ. ಛಾವಣಿಗೆ ರಂಧ್ರ ಕೊರೆದು, ರಾಸಾಯನಿಕ ಅಂಟು ತುಂಬಿ, ಬೋಲ್ಟ್ ಕೂರಿಸಿ, ಅದಕ್ಕೆ ತಂತಿ ಹೊರುವ ಬ್ರಾಕೆಟ್ ಮತ್ತು ವಿದ್ಯುತ್ ಬಂಡೆಗೆ ಹರಿಯದಂತೆ ತಡೆಯುವ ಇನ್ಸುಲೇಟರ್ ಜೋಡಿಸಬೇಕು. ತಂತಿಯಲ್ಲಿರುವುದು 25,000 ವೋಲ್ಟ್. ಡೀಸೆಲ್ ಎಂಜಿನ್‌ಗಳ ಮಸಿ ಇನ್ಸುಲೇಟರ್ ಮೇಲೆ ಕೂತು, ಅದರ ಮೇಲೆ ನೀರು ತೊಟ್ಟಿಕ್ಕಿದರೆ ವಿದ್ಯುತ್ತಿಗೆ ಆ ಒದ್ದೆ ಪದರವೇ ದಾರಿಯಾಗುತ್ತದೆ. ಕಿಡಿ ಹಾರಿ ಲೈನ್ ಟ್ರಿಪ್ ಆದರೆ ರೈಲು ಸುರಂಗದಲ್ಲೇ ನಿಲ್ಲುತ್ತದೆ.

ಬ್ರಾಕೆಟ್‌ಗಳ ಜಾಗವನ್ನು ಮೊದಲು ಗುರುತಿಸಿದ್ದು ಬೇಸಿಗೆಯಲ್ಲಿ. ಆಗ ಛಾವಣಿ ಒಣಗಿರುತ್ತದೆ. ಅದೇ ಹಳಿಯ ಮೇಲೆ ವರ್ಷಗಟ್ಟಲೆ ನಡೆದಿದ್ದ ಹಿರಿಯ ಕೀಮ್ಯಾನ್ (ದಿನವೂ ನಡೆದು ಹಳಿ ತಪಾಸಣೆ ಮಾಡುವವರು) ಒಬ್ಬರು ಟಾರ್ಚ್ ಬಿಟ್ಟು ತೋರಿಸಿದರು: “ತಮ್ಮಾ, ಈ ಸುಣ್ಣದ ಗೆರೆ ನೋಡು. ಆಷಾಢದಲ್ಲಿ ಇಲ್ಲಿ ನೀರು ಸುರಿಯುತ್ತದೆ. ಇದರ ಕೆಳಗೆ ಏನನ್ನೂ ಕಟ್ಟಬೇಡ.” ಸೋರಿದ ನೀರು ಬಿಟ್ಟುಹೋದ ಆ ಬಿಳಿ ಗೆರೆಗಳನ್ನೆಲ್ಲ ಬಣ್ಣದಿಂದ ಗುರುತು ಮಾಡಿಕೊಂಡೆವು. ಮಳೆ ಹಿಡಿದ ಮೇಲೆ ಮತ್ತೆ ಹೋಗಿ ನೋಡಿದರೆ ಅವರ ಮಾತು ಅಕ್ಷರಶಃ ನಿಜವಾಗಿತ್ತು. ಸಾಧ್ಯವಿದ್ದಲ್ಲಿ ಬ್ರಾಕೆಟ್ಟನ್ನೇ ಆಚೀಚೆ ಸರಿಸಿದೆವು. ಆಗದ ಕಡೆ ಬಂಡೆಗೆ ತೂತು ಕೊರೆದು, ಕೊಳವೆ ಹಾಕಿ, ನೀರನ್ನು ಪಕ್ಕದ ಚರಂಡಿಗೆ ಇಳಿಸಿದೆವು. ಇಂಥವರನ್ನು ಸರ್ವೇ ತಂಡದಲ್ಲಿ ಮೊದಲ ದಿನದಿಂದಲೇ ಇಟ್ಟುಕೊಳ್ಳಬೇಕು ಎಂಬುದು ನನ್ನ ಗಟ್ಟಿ ಅಭಿಪ್ರಾಯ.

ಕೊರೆಯುವ ಮುನ್ನ ಸುತ್ತಿಗೆಯಿಂದ ತಟ್ಟಿ ಕೇಳುತ್ತಿದ್ದೆವು. ಗಟ್ಟಿ ಬಂಡೆ ಠಣ್ ಎನ್ನುತ್ತದೆ, ಪದರ ಬಿಟ್ಟದ್ದು ಡಬ್ ಎನ್ನುತ್ತದೆ. ಡಬ್ ಎಂದಲ್ಲಿ ಬೋಲ್ಟ್ ಹಾಕುತ್ತಿರಲಿಲ್ಲ. ರಂಧ್ರದ ಧೂಳನ್ನು ಪೂರ್ತಿ ಊದಿ ತೆಗೆಯದಿದ್ದರೆ ಅಂಟು ಕಲ್ಲನ್ನು ಹಿಡಿಯದೆ ಧೂಳನ್ನು ಹಿಡಿಯುತ್ತದೆ. ಅಂಟು ಗಟ್ಟಿಯಾದ ಮೇಲೆ ಬೋಲ್ಟನ್ನು ಯಂತ್ರದಿಂದ ಎಳೆದು ಪರೀಕ್ಷಿಸಿದ ನಂತರವೇ ಭಾರ ಹೊರಿಸುತ್ತಿದ್ದೆವು.

ಈಗ ನಿರ್ವಹಣೆಯ ಸರದಿ. ಕರಾವಳಿಯ ಉಪ್ಪುಗಾಳಿ ಸುರಂಗದ ಹೊರಗಿನ ಇನ್ಸುಲೇಟರ್‌ಗಳನ್ನೂ ಬಿಡುವುದಿಲ್ಲ. ಮಳೆಗಾಲಕ್ಕೆ ಮುಂಚೆ ಒರೆಸಲೇಬೇಕು. ಸರಬರಾಜು ನಿಂತಿದೆ ಎಂದ ಮಾತ್ರಕ್ಕೆ ತಂತಿ ಮುಟ್ಟುವಂತಿಲ್ಲ. ಕೆಲಸದ ಜಾಗದ ಎರಡೂ ಬದಿಗೆ ತಂತಿಯಲ್ಲಿ ಉಳಿದ ವಿದ್ಯುತ್ತನ್ನು ನೆಲಕ್ಕಿಳಿಸುವ ಅರ್ತಿಂಗ್ ರಾಡ್ ತೂಗುಹಾಕಿದ ಮೇಲಷ್ಟೇ ಏಣಿ ಹತ್ತಬೇಕು. ಇಷ್ಟಕ್ಕೆಲ್ಲ ಸಮಯ ಬೇಕು. ಕಾರವಾರದ ಮೂಲಕ ಹೋಗುವುದು ಒಂಟಿ ಹಳಿ. ನಾವು ಕೆಲಸಕ್ಕೆ ಇಳಿದರೆ ಎರಡೂ ದಿಕ್ಕಿನ ರೈಲು ನಿಲ್ಲಬೇಕು. ಹಾಗಾಗಿ ಸಿಗುವ ಬ್ಲಾಕ್, ಅಂದರೆ ಕೆಲಸಕ್ಕಾಗಿ ರೈಲು ನಿಲ್ಲಿಸಿ ಕೊಡುವ ಅವಧಿ, ಯಾವಾಗಲೂ ಚಿಕ್ಕದು. 2021ರಲ್ಲಿ ರೋಹಾ–ವೀರ್ ನಡುವೆ ಜೋಡಿಹಳಿ ಆಯಿತು. ನಮ್ಮ ಉತ್ತರ ಕನ್ನಡಕ್ಕೂ ಅದು ಬರಲೇಬೇಕು.